ಕಲ್ಪಿತ ದ್ವೀಪಕ್ಕೆ ಭಾಷೆ ಬೇಕು, ತುಳು ಶಬ್ದ ತಿರುಗಿಸಿದರೆ ಸಾಕಾ?

ಪ್ರಶ್ನೆ: ಸರ್, ನಾನು ಉಡುಪಿಯವಳು, ಬ್ಯಾಂಕಿನಲ್ಲಿ ಕೆಲಸ. ಮನೆಯಲ್ಲಿ ತುಳು, ಬರೆಯುವುದು ಕನ್ನಡದಲ್ಲಿ. ಕೆಲವು ವರ್ಷಗಳಿಂದ ಒಂದು ಫ್ಯಾಂಟಸಿ ಕಾದಂಬರಿ ಬರೆಯುತ್ತಿದ್ದೇನೆ. ಮಲ್ಪೆಯಿಂದ ಪಶ್ಚಿಮಕ್ಕೆ, ಯಾವ ನಕ್ಷೆಯಲ್ಲೂ ಇಲ್ಲದ ಒಂದು ದ್ವೀಪದ ಕಥೆ. ಅಲ್ಲಿಯವರಿಗೆ ಅವರದ್ದೇ ಭಾಷೆ ಇರಲಿ ಅಂತ 400 ಶಬ್ದಗಳ ಪಟ್ಟಿ ಮಾಡಿದ್ದೇನೆ. ಹೆಚ್ಚಿನವು ತುಳು ಶಬ್ದಗಳನ್ನೇ ಹಿಂದುಮುಂದು ಮಾಡಿದ್ದು. ಹುಲಿಗೆ ‘ಲಿಪಿ’, ಕಡಲಿಗೆ ‘ಲಡಕ’. ಗಂಭೀರವಾಗಿ ಕೇಳಬೇಕಾದಲ್ಲಿ ಹೊಸದಾಗಿ ಕಟ್ಟಿದ್ದೇನೆ: ರಾಜನಿಗೆ ‘ಘ್ರ್ಯಾಕ್ಷ್ಠ’. ದ್ವೀಪದ ಕಾಡಿನಲ್ಲಿರುವ ಕ್ರೂರ ಜನರಿಗೆ ಕೊರಗ ಭಾಷೆಯ ಶಬ್ದ ಬಳಸುವ ಯೋಚನೆ ಇದೆ. ಓದಿದ ಗೆಳತಿ, ‘ಇದು ಭಾಷೆಯ ಹಾಗಿಲ್ಲ, ಗುಟ್ಟು ಮಾತಿನ ಹಾಗಿದೆ’ ಎಂದಳು. ಪರಿಚಯದ ಮೇಷ್ಟ್ರೊಬ್ಬರು, ಇದಕ್ಕೆಲ್ಲ ಭಾಷಾಶಾಸ್ತ್ರದಲ್ಲಿ ಎಂ.ಎ. ಆಗಿರಬೇಕು ಎಂದರು. ಅಣ್ಣನಿಗಂತೂ ಬೇಸರ: ‘ಇರುವ ತುಳುವನ್ನು ಉಳಿಸಿಕೊಳ್ಳುವುದೇ ಕಷ್ಟ, ಇಲ್ಲದ ಭಾಷೆ ಯಾಕೆ?’ ನಾನು ಇದನ್ನು ಬಿಡಬೇಕಾ? ಅಥವಾ ‘ಲಾರ್ಡ್ ಆಫ್ ದ ರಿಂಗ್ಸ್’ ಬರೆದ ಟೋಲ್ಕಿನ್ ತಮ್ಮ ಕಥೆಯ ಎಲ್ಫ್ ಜನರಿಗೆ ಮಾಡಿದ ಭಾಷೆಯನ್ನೇ ಸ್ವಲ್ಪ ತೆಗೆದುಕೊಳ್ಳಬಹುದಾ?

ಉತ್ತರ: ಬಿಡಬೇಡಿ. ಆದರೆ ಆ 400 ಶಬ್ದಗಳ ಪಟ್ಟಿಯನ್ನು ಸದ್ಯಕ್ಕೆ ಬದಿಗಿಡಿ.

ನಿಮ್ಮ ಪತ್ರದಲ್ಲಿ ಪ್ರಶ್ನೆ ನಾಲ್ಕೈದು ಇದ್ದರೂ ಹೆದರಿಕೆ ಒಂದೇ: ನಾನು ಮಾಡಿದ್ದು ಸುಳ್ಳು ಅಂತ ಓದುಗರಿಗೆ ಗೊತ್ತಾಗಿಬಿಡುತ್ತದಾ? ಈಗಿರುವ ಹಾಗೆ ಬಿಟ್ಟರೆ ಗೊತ್ತಾಗುತ್ತದೆ. ನಿಮ್ಮ ಗೆಳತಿಗೆ ಗೊತ್ತಾಗಿದೆ. ಅವರ ಕಿವಿ ಚುರುಕಾಗಿದೆ, ಮುಂದೆಯೂ ಅವರಿಗೇ ಓದಿಸಿ.

ಗೆಳತಿ ಹೇಳಿದ ಗುಟ್ಟು ಮಾತು ಎಂಥದ್ದು ಎಂದು ನಿಮಗೆ ನೆನಪಿರಬಹುದು. ಚಿಕ್ಕವರಿದ್ದಾಗ ‘ಕ’ ಭಾಷೆ ಆಡುತ್ತಿದ್ದೆವು, ಅಲ್ವಾ? ಪ್ರತಿ ಅಕ್ಷರಕ್ಕೂ ಒಂದು ‘ಕ’ ಸೇರಿಸಿದರೆ ದೊಡ್ಡವರಿಗೆ ತಿಳಿಯದ ಮಾತು ತಯಾರು. ಅದು ಕನ್ನಡವೇ, ಮುಸುಕು ಹಾಕಿದ್ದು ಅಷ್ಟೇ. ಶಬ್ದ ತಿರುಗಿಸುವುದೂ ಅದೇ ಕೆಲಸ. ನಿಮ್ಮ ಮೊದಲ ಶಬ್ದವನ್ನೇ ನೋಡಿ. ತುಳುವಿನ ‘ಪಿಲಿ’ಯನ್ನು ತಿರುಗಿಸಿದ್ದೀರಿ, ‘ಲಿಪಿ’ ಬಂತು. ಕಾಡಿನಿಂದ ಒಂದು ಲಿಪಿ ಹಾರಿ ಬಂತು ಎಂದು ನೀವು ಬರೆದರೆ ಕನ್ನಡದ ಓದುಗರ ಕಣ್ಣಿಗೆ ಕಾಣುವುದು ಅಕ್ಷರಮಾಲೆ. ಇದು ಆಕಸ್ಮಿಕ ಅಂತ ಬಿಡಬಹುದು. ಆದರೆ ಇನ್ನೂ ಮುಖ್ಯವಾದದ್ದಿದೆ. ನೀವು ಕಳಿಸಿದ ವಾಕ್ಯಗಳಲ್ಲಿ ಕನ್ನಡದ ಒಂದೊಂದು ಪದ ತೆಗೆದು ಆ ಜಾಗದಲ್ಲಿ ನಿಮ್ಮ ಪದ ಇಟ್ಟಿದ್ದೀರಿ. ಪದಗಳ ಸಾಲು, ವಿಭಕ್ತಿ, ಕಾಲ ಎಲ್ಲವೂ ಕನ್ನಡದ್ದೇ. ಭಾಷೆ ಇರುವುದು ಶಬ್ದದಲ್ಲಿ ಅಲ್ಲ. ಒಂದು ಶಬ್ದಕ್ಕೂ ಇನ್ನೊಂದಕ್ಕೂ ಇರುವ ಸಂಬಂಧದಲ್ಲಿ ಇದೆ.

ಟೋಲ್ಕಿನ್ ಅವರ ಕೆಲಸ ನಿಂತದ್ದು ಇದರ ಮೇಲೆಯೇ. ಅವರು ಆಕ್ಸ್‌ಫರ್ಡ್‌ನಲ್ಲಿ ಪ್ರಾಧ್ಯಾಪಕರಾಗಿದ್ದವರು. ಅದಕ್ಕೂ ಮೊದಲು, ಒಂದನೇ ಮಹಾಯುದ್ಧ ಮುಗಿದ ಮೇಲೆ, ಆಕ್ಸ್‌ಫರ್ಡ್ ಇಂಗ್ಲಿಷ್ ನಿಘಂಟಿನಲ್ಲಿ ಡಬ್ಲ್ಯು ಅಕ್ಷರದ ಶಬ್ದಗಳ ಮೂಲ ಹುಡುಕುವ ಕೆಲಸ ಮಾಡಿದ್ದರು. ಅವರ ಎಲ್ಫ್ ಜನರಿಗೆ ಇರುವುದು ಒಂದು ಭಾಷೆಯಲ್ಲ, ಭಾಷೆಗಳ ಒಂದು ಕುಟುಂಬ. ಅದರಲ್ಲಿ ಎರಡು ಹೆಚ್ಚು ಪ್ರಸಿದ್ಧ. ಕ್ವೆನ್ಯಾದ ಇಂಪು ಫಿನ್ನಿಶ್ ಕಡೆಯದ್ದು, ಸಿಂದರಿನ್‌ನದ್ದು ವೆಲ್ಶ್ ಕಡೆಯದ್ದು. ಹಂಸಕ್ಕೆ ಕ್ವೆನ್ಯಾದಲ್ಲಿ ‘ಅಲ್ಕ್ವ’, ಸಿಂದರಿನ್‌ನಲ್ಲಿ ‘ಅಲ್ಫ್’. ಮರಕ್ಕೆ ಅಲ್ಲಿ ‘ಅಲ್ದ’, ಇಲ್ಲಿ ‘ಗಲಧ್’. ಎರಡೂ ಒಂದೇ ಹಳೆಯ ಬೇರಿನಿಂದ ಬಂದು, ಬೇರೆ ಬೇರೆ ನಿಯಮದ ಪ್ರಕಾರ ಬದಲಾದವು. ಕ್ವೆನ್ಯಾದಲ್ಲಿ ಶಬ್ದದ ಮೊದಲ ‘ಗ’ ಉದುರಿತು, ಸಿಂದರಿನ್‌ನಲ್ಲಿ ಉಳಿಯಿತು. ಪುಸ್ತಕ ಓದುವವರಿಗೆ ಈ ನಿಯಮ ಗೊತ್ತಿರುವುದಿಲ್ಲ. ಆದರೂ ಹೆಸರುಗಳ ಹಿಂದೆ ಏನೋ ಹಳೆಯದ್ದು ಇದೆ ಎಂದು ಅನ್ನಿಸುತ್ತದೆ.

ಇದೇನೋ ಪಂಡಿತರ ಕಸರತ್ತು ಅನ್ನಿಸಿದರೆ ನಿಮ್ಮ ಊರಿನ ಮಾತನ್ನೇ ಕೇಳಿ. ಅಷ್ಟಮಿಗೆ ವೇಷ ಕುಣಿಯುವಾಗ ನೀವು ‘ಪಿಲಿ’ ನೋಡಲು ಹೋಗುತ್ತೀರಿ, ಶಿವಮೊಗ್ಗದಿಂದ ಬಂದ ನೆಂಟರು ‘ಹುಲಿ’ ನೋಡುತ್ತಾರೆ. ಹತ್ತು–ಪತ್ತ್, ಹೂ–ಪೂ, ಹೊಸ–ಪೊಸ. ಸಾವಿರ ವರ್ಷದ ಹಿಂದೆ ಕನ್ನಡದಲ್ಲೂ ‘ಪ’ವೇ ಇತ್ತು, ಪಂಪನ ಕಾಲದವರಿಗೆ ಹುಲಿ ‘ಪುಲಿ’ಯೇ. ಆಮೇಲೆ ಕನ್ನಡ ಬದಲಾಯಿತು, ತುಳು ‘ಪ’ವನ್ನು ಇಟ್ಟುಕೊಂಡಿತು. ತರಗತಿಯಲ್ಲಿ ಮನೆಮಾತಿನ ಶಬ್ದಗಳನ್ನು ಬೋರ್ಡಿನ ಮೇಲೆ ಬರೆಸಿದಾಗಲೆಲ್ಲ ನಾನು ನೋಡಿದ್ದೇನೆ. ಮಂಗಳೂರಿನ ಮಕ್ಕಳು ಈ ಜೋಡಿಗಳನ್ನು ತಾವೇ ಹಿಡಿಯುತ್ತಾರೆ. ಕೊಂಕಣಿಯವರ ‘ದೂದ್’ ಬಂದ ಕೂಡಲೇ ‘ಸರ್, ಇದು ಈ ಗುಂಪಿನದ್ದಲ್ಲ’ ಎನ್ನುತ್ತಾರೆ. ಎರಡು ಮೂರು ಭಾಷೆ ಆಡುತ್ತ ಬೆಳೆದವರ ಕಿವಿಗೆ ಈ ತರಬೇತಿ ತಾನಾಗೇ ಆಗಿರುತ್ತದೆ. ಎಂ.ಎ. ಬೇಕೇ ಬೇಕು ಅನ್ನುವುದನ್ನು ನಾನು ಒಪ್ಪದಿರಲು ಇದೂ ಒಂದು ಕಾರಣ.

ಮೇಷ್ಟ್ರ ಮಾತಿನಲ್ಲಿ ಅರ್ಧ ಸತ್ಯ ಇದೆ. ತೆರೆಯ ಮೇಲಿನ ಹೆಸರಾಂತ ಭಾಷೆಗಳನ್ನು ಮಾಡಿದವರು ಹೆಚ್ಚಾಗಿ ಭಾಷಾಶಾಸ್ತ್ರ ಓದಿದವರೇ. ‘ಸ್ಟಾರ್ ಟ್ರೆಕ್’ನ ಕ್ಲಿಂಗಾನ್ ಅನ್ನು ಬೆಳೆಸಿದ ಮಾರ್ಕ್ ಓಕ್ರಾಂಡ್, ‘ಅವತಾರ್’ಗೆ ನಾವಿ ಮಾಡಿದ ಪಾಲ್ ಫ್ರೋಮರ್, ‘ಗೇಮ್ ಆಫ್ ಥ್ರೋನ್ಸ್’ಗೆ ಡೋತ್ರಾಕಿ ಮಾಡಿದ ಡೇವಿಡ್ ಪೀಟರ್ಸನ್, ಮೂವರೂ ಹಾಗೆಯೇ. ಆದರೆ ಅಲ್ಲಿ ನಟರು ಪುಟಗಟ್ಟಲೆ ಮಾತಾಡಬೇಕು. ಅದಕ್ಕೆ ಪೂರ್ತಿ ವ್ಯಾಕರಣ ಬೇಕು. ಕಾದಂಬರಿಗೆ ಅಷ್ಟು ಬೇಡ. ಡೋತ್ರಾಕಿಯ ಮೂಲ ಕಾದಂಬರಿಗಳನ್ನು ಬರೆದ ಜಾರ್ಜ್ ಮಾರ್ಟಿನ್ ಭಾಷಾಶಾಸ್ತ್ರಜ್ಞರಲ್ಲ. ಅವರು ಪುಸ್ತಕದಲ್ಲಿ ಕೊಟ್ಟದ್ದು ಹೆಸರುಗಳು ಮತ್ತು ಅಲ್ಲಲ್ಲಿ ಕೆಲವು ಮಾತು. ವ್ಯಾಕರಣ ಬಂದದ್ದು ಆಮೇಲೆ, 2011ರಲ್ಲಿ ಶುರುವಾದ ಧಾರಾವಾಹಿಗಾಗಿ. ನಮ್ಮ ಕಡೆಯ ಉದಾಹರಣೆ ಬೇಕಾದರೆ 2015ರ ‘ಬಾಹುಬಲಿ’ಯ ಕಿಲಿಕಿ ಇದೆ. ಅದನ್ನು ಮಾಡಿದ ಮದನ್ ಕಾರ್ಕಿ ತಮಿಳು ಗೀತರಚನಕಾರರು, ಓದಿದ್ದು ಕಂಪ್ಯೂಟರ್ ವಿಜ್ಞಾನ.

ಈಗ ನಿಮ್ಮ ದ್ವೀಪಕ್ಕೆ ಬರೋಣ. ಒಂದು ಸಣ್ಣ ಮಾದರಿ ಮಾಡಿ ತೋರಿಸುತ್ತೇನೆ, ಇದನ್ನೇ ಬಳಸಬೇಕು ಅಂತಿಲ್ಲ. ದ್ವೀಪದ ಹಳೆಯ ಭಾಷೆಯಲ್ಲಿ ಮೂರು ಶಬ್ದ ಇದ್ದವು ಅಂದುಕೊಳ್ಳಿ: ಗಾಳಿಗೆ ‘ಪೆಮು’, ಬಲೆಗೆ ‘ಕೆಲೊ’, ದೋಣಿಗೆ ‘ತುಮೊ’. ಜಾಗಕ್ಕೆ ‘ಸ’ ಎಂಬ ಪ್ರತ್ಯಯ. ದ್ವೀಪದಲ್ಲಿ ಬಂದರಿನವರು, ಗುಡ್ಡದವರು ಎಂದು ಎರಡು ಪಂಗಡ. ಗುಡ್ಡದವರು ಹಳೆಯ ಉಚ್ಚಾರ ಬಿಟ್ಟಿಲ್ಲ. ಬಂದರಿನವರ ಬಾಯಲ್ಲಿ ಎರಡು ಬದಲಾವಣೆ ಆಗಿದೆ. ಶಬ್ದದ ಮೊದಲ ‘ಪ’ ಈಗ ‘ವ’. ‘ಎ’, ‘ಇ’ ಸ್ವರಗಳ ಮುಂಚೆ ಬರುವ ‘ಕ’ ಈಗ ‘ಚ’. ಎರಡನೆಯದ್ದನ್ನು ನಾನು ಸುಮ್ನೆ ಕಲ್ಪಿಸಿದ್ದಲ್ಲ. ಕನ್ನಡದ ಕಿವಿ ತೆಲುಗಿನಲ್ಲಿ ‘ಚೆವಿ’ ಆದದ್ದು ಹೀಗೆಯೇ. ಈಗ ಬಲೆ ಒಣಗಿಸುವ ಊರಿಗೆ ಬಂದರಿನವರು ‘ಚೆಲೊಸ’ ಎನ್ನುತ್ತಾರೆ, ಗುಡ್ಡದ ಅಜ್ಜಿ ‘ಕೆಲೊಸ’ ಎನ್ನುತ್ತಾಳೆ. ಹಾಯಿದೋಣಿ ಗುಡ್ಡದಲ್ಲಿ ‘ಪೆಮುತುಮೊ’. ಬಂದರಿನಲ್ಲಿ ದಿನಾ ನೂರು ಸಲ ಹೇಳಿ ಹೇಳಿ ಸವೆದು ‘ವೆಂತುಮೊ’.

ಇರುವುದು ಮೂರು ಬೇರು, ಎರಡು ನಿಯಮ. ಆದರೆ ನಿಮಗೆ ಆಗಲೇ ಒಂದು ದೃಶ್ಯ ಸಿಕ್ಕಿತು. ಬಂದರಿನವಳ ವೇಷ ಹಾಕಿಕೊಂಡು ಬಂದ ಹುಡುಗಿ ಗಾಬರಿಯಲ್ಲಿ ‘ಕೆಲೊ’ ಎಂದುಬಿಟ್ಟಳು. ಕೇಳಿದವನು ತಿರುಗಿ ನೋಡಿದ. ನಮ್ಮಲ್ಲಿ ಎರಡು ಮಾತು ಕೇಳಿದರೆ ಸಾಕು, ಕುಂದಾಪುರದವರಾ, ಪುತ್ತೂರಿನವರಾ ಅಂತ ಗೊತ್ತಾಗುತ್ತದಲ್ಲ, ಹಾಗೆ. 400 ಶಬ್ದದ ಪಟ್ಟಿ ಇಂಥ ದೃಶ್ಯ ಕೊಡಲಿಲ್ಲ, ಯಾಕೆಂದರೆ ಅದರಲ್ಲಿ ಒಂದು ಶಬ್ದಕ್ಕೂ ಇನ್ನೊಂದಕ್ಕೂ ಪರಿಚಯವೇ ಇಲ್ಲ.

ವ್ಯಾಕರಣದಲ್ಲೂ ಒಂದೇ ಒಂದು ಕಡೆ ಕನ್ನಡದಿಂದ ದೂರ ಸರಿಯಿರಿ. ತುಳುವಿನವರಾದ ನಿಮಗೆ ಇದು ಬೇಗ ಹಿಡಿಸುತ್ತದೆ. ‘ನಾವು’ ಅನ್ನಲು ತುಳುವಿನಲ್ಲಿ ಎರಡು ಮಾತಿದೆ. ಕೇಳುವವರೂ ಸೇರಿದ್ದರೆ ‘ನಮ’, ಅವರನ್ನು ಬಿಟ್ಟು ನಾವಷ್ಟೇ ಅಂದರೆ ‘ಎಂಕುಳು’. ಕನ್ನಡದಲ್ಲಿ ಈ ಭೇದ ಇಲ್ಲ. ನಿಮ್ಮ ದ್ವೀಪದ ಭಾಷೆಯಲ್ಲಿ ಇಂಥ ಎರಡು ‘ನಾವು’ ಇರಲಿ. ನಾಯಕಿ ಹೊರಗಿನವಳು, ದ್ವೀಪದವರ ಜೊತೆ ಎಷ್ಟೋ ಕಾಲ ಬದುಕಿದ್ದಾಳೆ. ಒಂದು ದಿನ ಮುಖ್ಯಸ್ಥೆ ‘ನಾವು ನಾಳೆ ಹೊರಡುತ್ತೇವೆ’ ಎನ್ನುತ್ತಾಳೆ, ಬಳಸಿದ್ದು ಎರಡನೆಯ ‘ನಾವು’. ತನ್ನನ್ನು ಬಿಟ್ಟು ಹೋಗುತ್ತಾರೆ ಎಂದು ನಾಯಕಿಗೆ ಅಷ್ಟರಲ್ಲೇ ತಿಳಿಯಿತು. ಓದುಗರಿಗೆ ಮೊದಲೇ ಎಲ್ಲೋ ಈ ಎರಡು ಶಬ್ದದ ಪರಿಚಯ ಮಾಡಿಸಿದ್ದರೆ ಇಲ್ಲಿ ವಿವರಣೆಯೇ ಬೇಡ. ಇಲ್ಲಿ ನೀವು ತುಳುವಿನಿಂದ ತೆಗೆದುಕೊಂಡದ್ದು ಒಂದು ವ್ಯವಸ್ಥೆ, ಶಬ್ದ ಅಲ್ಲ. ಇಂಥ ಎರಡು ‘ನಾವು’ ಜಗತ್ತಿನ ಬೇರೆ ಎಷ್ಟೋ ಭಾಷೆಗಳಲ್ಲೂ ಇವೆ, ಹಾಗಾಗಿ ಯಾರೂ ಇದನ್ನು ನಕಲು ಎನ್ನುವುದಿಲ್ಲ.

ಪದಗಳ ಸಾಲನ್ನೂ ಬದಲಿಸಬಹುದು. ಕ್ಲಿಂಗಾನ್‌ನಲ್ಲಿ ಓಕ್ರಾಂಡ್ ಕರ್ಮ ಮೊದಲು, ಆಮೇಲೆ ಕ್ರಿಯೆ, ಕೊನೆಗೆ ಕರ್ತೃ ಇಟ್ಟರು. ಲೋಕದ ಭಾಷೆಗಳಲ್ಲಿ ಇದು ತೀರಾ ಅಪರೂಪ. ಬೇರೆ ಲೋಕದವರ ಮಾತು ಮನುಷ್ಯರ ಮಾತಿನ ಹಾಗೆ ಕೇಳಬಾರದು ಅಂತಲೇ ಹಾಗೆ ಮಾಡಿದ್ದು. ‘ಬಂಗುಡೆ ತಿಂದಿತು ಬೆಕ್ಕು’ ಅಂದರೆ ನಾವೂ ಅರ್ಥ ಮಾಡಿಕೊಳ್ಳುತ್ತೇವೆ, ಆದರೆ ದಿನವಿಡೀ ಹಾಗೆ ಮಾತಾಡಿದರೆ ವಿಚಿತ್ರ ಅನ್ನಿಸುತ್ತದೆ. ನಿಮ್ಮ ದ್ವೀಪದವರು ಮನುಷ್ಯರೇ ಆದ್ದರಿಂದ ಇಷ್ಟು ದೂರ ಹೋಗುವುದು ಬೇಡ ಅಂತ ನನ್ನ ಅಭಿಪ್ರಾಯ.

ಇನ್ನು ‘ಘ್ರ್ಯಾಕ್ಷ್ಠ’. ಒತ್ತಕ್ಷರ, ಮಹಾಪ್ರಾಣ ತುಂಬಿದರೆ ಶಬ್ದಕ್ಕೆ ಗಾಂಭೀರ್ಯ ಬರುತ್ತದೆ ಎಂಬ ನಂಬಿಕೆ ಬಹಳ ಜನರಲ್ಲಿದೆ. ಆಗುವುದು ಬೇರೆ. ಓದುಗರು ಒಂದು ಸಲ ತಡವರಿಸುತ್ತಾರೆ, ಎರಡನೇ ಸಲ ಆ ಹೆಸರನ್ನು ಹಾರಿಸಿ ಮುಂದೆ ಹೋಗುತ್ತಾರೆ. ರಾಜನ ಹೆಸರನ್ನೇ ಹಾರಿಸಿದರೆ ಕಥೆ ಹೇಗೆ ಹಿಡಿಯಬೇಕು? ಮೊದಲು ನಿಮ್ಮ ಭಾಷೆಯಲ್ಲಿ ಯಾವ ಧ್ವನಿಗಳು ಇಲ್ಲ ಎಂದು ನಿರ್ಧರಿಸಿ. ‘ಹ’ ಇಲ್ಲ, ‘ಳ’ ಇಲ್ಲ, ಮಹಾಪ್ರಾಣ ಒಂದೂ ಇಲ್ಲ ಎಂದಿಟ್ಟುಕೊಳ್ಳಿ. ಏನಿಲ್ಲ ಎನ್ನುವುದರಿಂದಲೇ ಒಂದು ಭಾಷೆಗೆ ಅದರ ದನಿ ಬರುತ್ತದೆ.

ಈ ವಿಷಯದಲ್ಲಿ ಕನ್ನಡದಲ್ಲಿ ಬರೆಯುವವರಿಗೆ ಒಂದು ಅನುಕೂಲ ಇದೆ. ಟೋಲ್ಕಿನ್ ಅವರು ಯಾವ ಅಕ್ಷರವನ್ನು ಹೇಗೆ ಉಚ್ಚರಿಸಬೇಕು ಎಂದು ಪುಸ್ತಕದ ಕೊನೆಗೆ ಅನುಬಂಧ ಸೇರಿಸಬೇಕಾಯಿತು. ನಮಗೆ ಅದು ಬೇಡ, ಬರೆದದ್ದನ್ನು ಬರೆದ ಹಾಗೆ ಓದುತ್ತಾರೆ. ಆದರೆ ಕನ್ನಡ ಲಿಪಿಯಲ್ಲಿ ಇಲ್ಲದ ಧ್ವನಿಯನ್ನು ಮಾತ್ರ ಇಟ್ಟುಕೊಳ್ಳಬೇಡಿ. ‘ಯಾನ್ ಬರ್ಪೆ’, ‘ಆಯೆ ಬರ್ಪೆ’ ಎರಡರ ಕೊನೆಯ ಸ್ವರ ಬೇರೆ ಬೇರೆ ಅಂತ ನಿಮ್ಮ ಕಿವಿಗೆ ಗೊತ್ತು. ಕನ್ನಡ ಅಕ್ಷರದಲ್ಲಿ ಎರಡೂ ಒಂದೇ. ತುಳು ಬಾರದ ಓದುಗರಿಗೆ ಅಂಥ ಭೇದ ತಲುಪುವುದೇ ಇಲ್ಲ.

ಕೊರಗ ಭಾಷೆಯ ಬಗ್ಗೆ ನೇರವಾಗಿ ಹೇಳುತ್ತೇನೆ: ದಯವಿಟ್ಟು ಹಾಗೆ ಮಾಡಬೇಡಿ. ನಿಮ್ಮ ಉದ್ದೇಶ ಕೆಟ್ಟದ್ದಲ್ಲ, ಕೇಳಿರದ ಶಬ್ದ ಬೇಕಿತ್ತು, ಅಷ್ಟೇ. ಆದರೆ ಕೊರಗರು ಇದೇ ಜಿಲ್ಲೆಗಳಲ್ಲಿ ನಮ್ಮ ಜೊತೆ ಬದುಕುತ್ತಿರುವವರು. ಅವರನ್ನು ಮನುಷ್ಯರಿಗಿಂತ ಕಡೆಯಾಗಿ ನಡೆಸಿಕೊಂಡ ಅಜಲು ಪದ್ಧತಿಯನ್ನು ನಿಷೇಧಿಸಲು 2000ದಲ್ಲಿ ರಾಜ್ಯ ಸರಕಾರ ಕಾನೂನೇ ಮಾಡಬೇಕಾಯಿತು. ಅಂಥ ಜನರ ಭಾಷೆಯನ್ನು ಕಥೆಯ ಕ್ರೂರಿಗಳ ಬಾಯಿಗೆ ಹಾಕಿದರೆ ಹಳೆಯ ತಿರಸ್ಕಾರವನ್ನು ಹೊಸ ಪುಸ್ತಕದಲ್ಲಿ ಮತ್ತೆ ಅಚ್ಚು ಹಾಕಿದ ಹಾಗೆ. ಆ ಭಾಷೆ ಆಡುವ ಮನೆಯಲ್ಲಿ ಓದುವ ಮಗು ಇದೆ. ನಾಳೆ ನಿಮ್ಮ ಪುಸ್ತಕ ಆ ಮಗುವಿನ ಕೈಗೂ ಬರಬಹುದು. ಇದರ ಜೊತೆಗೆ ಇನ್ನೊಂದು ತಪ್ಪು ನಂಬಿಕೆಯೂ ಹೋಗಬೇಕು: ಕೆಟ್ಟವರ ಭಾಷೆ ಒರಟಾಗಿರಬೇಕು ಎನ್ನುವುದು. ನಾಲಿಗೆ ಚಟಕ್ ಎನ್ನಿಸುವ ಧ್ವನಿಗಳನ್ನು ಸಿನಿಮಾದವರು ಕಾಡು ಜನಕ್ಕೆ ಕೊಡುತ್ತಾರೆ. ನೆಲ್ಸನ್ ಮಂಡೇಲಾ ಅವರ ತಾಯ್ನುಡಿ ಖೋಸಾದಲ್ಲಿ ಆ ಧ್ವನಿಗಳು ದಿನಬಳಕೆಯ ವ್ಯಂಜನಗಳು. ನಿಮ್ಮ ಖಳನಾಯಕ ಅತ್ಯಂತ ಇಂಪಾದ ಭಾಷೆ ಆಡಲಿ, ಹೆದರಿಕೆ ಜಾಸ್ತಿಯಾಗುತ್ತದೆ. ಹಾಗೆಯೇ ಭೂತಕೋಲದಲ್ಲಿ ದೈವ ಹೇಳುವ ನುಡಿಯನ್ನು ಇದ್ದಂತೆ ಎತ್ತಿ ಮಂತ್ರದ ಜಾಗದಲ್ಲಿ ಇಡುವುದೂ ಬೇಡ. ಅದನ್ನು ನಂಬಿ ಕೈಮುಗಿಯುವವರಿಗೆ ಅದು ಅಲಂಕಾರವಲ್ಲ.

ಅಣ್ಣನ ಪ್ರಶ್ನೆಗೆ ನಾನು ಹೆಚ್ಚು ಬೆಲೆ ಕೊಡುತ್ತೇನೆ, ಯಾಕೆಂದರೆ ಅದರಲ್ಲಿ ನಿಜವಾದ ನೋವಿದೆ. ಅವರಿಗೆ ಓಕ್ರಾಂಡ್ ಅವರ ಕಥೆ ಹೇಳಿ. ಕ್ಲಿಂಗಾನ್ ನಿಘಂಟು ಬಂದದ್ದು 1985ರಲ್ಲಿ. ಅದಕ್ಕೂ ಮುಂಚೆ, 1977ರಲ್ಲಿ, ಅವರು ಪಿಎಚ್‌.ಡಿ.ಗಾಗಿ ಬರೆದದ್ದು ಕ್ಯಾಲಿಫೋರ್ನಿಯಾದ ಮೂಲನಿವಾಸಿಗಳ ಮುತ್ಸುನ್ ಭಾಷೆಯ ವ್ಯಾಕರಣ. ಅದನ್ನು ಚೆನ್ನಾಗಿ ಆಡುತ್ತಿದ್ದ ಕೊನೆಯ ಮಹಿಳೆ 1930ರಲ್ಲೇ ತೀರಿಕೊಂಡಿದ್ದರು. ಹಿಂದಿನವರು ಬರೆದಿಟ್ಟ ಟಿಪ್ಪಣಿಗಳಿಂದ ಓಕ್ರಾಂಡ್ ಆ ವ್ಯಾಕರಣ ಕಟ್ಟಿದರು. ಇಲ್ಲದ ಭಾಷೆ ಮಾಡಿದ ಕೈಯೇ ಹೋದ ಭಾಷೆಗೂ ದುಡಿದಿತ್ತು. ಟೋಲ್ಕಿನ್ ಅವರನ್ನು ಎಳೆದದ್ದೂ ಫಿನ್ನಿಶ್, ವೆಲ್ಶ್ ಎಂಬ ಜೀವಂತ ಭಾಷೆಗಳ ಮೇಲಿನ ಪ್ರೀತಿಯೇ. ನನ್ನ ವಿದ್ಯಾರ್ಥಿಗಳಲ್ಲೂ ಅಷ್ಟೇ: ಭಾಷೆ ಮಾಡುವ ಆಟ ಶುರು ಮಾಡಿದವರು ಅಜ್ಜಿಯ ಮಾತನ್ನು ಕಿವಿಗೊಟ್ಟು ಕೇಳಲು ತೊಡಗುತ್ತಾರೆ. ನೀವೂ ಒಂದು ಕೆಲಸ ಮಾಡಿ. ಉಡುಪಿಯ ಎಂ.ಜಿ.ಎಂ. ಕಾಲೇಜಿನ ಗೋವಿಂದ ಪೈ ಸಂಶೋಧನ ಕೇಂದ್ರದಿಂದ ಯು.ಪಿ. ಉಪಾಧ್ಯಾಯರ ಸಂಪಾದಕತ್ವದಲ್ಲಿ ಬಂದ ಆರು ಸಂಪುಟಗಳ ತುಳು ನಿಘಂಟು ನಿಮ್ಮ ಊರಿನಲ್ಲೇ ಇದೆ. ಅಣ್ಣನನ್ನೂ ಕರೆದುಕೊಂಡು ಹೋಗಿ, ಯಾವುದಾದರೂ ಒಂದು ಪುಟ ತೆರೆದು ಒಂದು ಶಬ್ದ ಊರಿಂದೂರಿಗೆ, ಸಮುದಾಯದಿಂದ ಸಮುದಾಯಕ್ಕೆ ಹೇಗೆ ರೂಪ ಬದಲಿಸಿದೆ ನೋಡಿ. ನಿಮ್ಮ ದ್ವೀಪಕ್ಕೆ ಬೇಕಾದ ಪಾಠ ಅಲ್ಲೇ ಸಿಗುತ್ತದೆ.

ಇಂಥ ಕಲ್ಪಿತ ಭಾಷೆಗಳ ಅಧ್ಯಯನವೂ ಕಾಲಹರಣ ಅಲ್ಲ. ಟೋಲ್ಕಿನ್ ಭಾಷೆಗಳಿಗೆಂದೇ ಮೀಸಲಾದ ಎರಡು ಪತ್ರಿಕೆಗಳಿವೆ, ‘ಪರ್ಮ ಎಲ್ದಲಂಬೆರಾನ್’ 1971ರಿಂದ, ‘ವಿನ್ಯರ್ ತೆಂಗ್ವರ್’ 1988ರಿಂದ. ಅವರ ಹಸ್ತಪ್ರತಿಗಳನ್ನು ಸಾಲು ಸಾಲಾಗಿ ಓದಿ, ಯಾವ ನಿಯಮ ಯಾವಾಗ ಬದಲಾಯಿತು ಎಂದು ಅಲ್ಲಿ ಪ್ರಕಟಿಸುತ್ತಾರೆ. ಅಮೆರಿಕದ ಎಂ.ಐ.ಟಿ.ಯ ವಿಜ್ಞಾನಿಗಳು 2025ರಲ್ಲಿ ಪ್ರಕಟಿಸಿದ ಅಧ್ಯಯನ ಇನ್ನೂ ಕುತೂಹಲದ್ದು. ಎಸ್ಪೆರಾಂಟೊ ಎಂಬ ಕಟ್ಟಿದ ಭಾಷೆ, ಕ್ಲಿಂಗಾನ್, ನಾವಿ, ಡೋತ್ರಾಕಿ, ‘ಗೇಮ್ ಆಫ್ ಥ್ರೋನ್ಸ್’ನದ್ದೇ ಆದ ಹೈ ವಲೀರಿಯನ್ ಬಲ್ಲವರು ಆ ಮಾತು ಕೇಳುವಾಗ ಅವರ ಮಿದುಳನ್ನು ಸ್ಕ್ಯಾನ್ ಮಾಡಿದರು. ತಾಯ್ನುಡಿ ಕೇಳುವಾಗ ಕೆಲಸ ಮಾಡುವ ಭಾಗಗಳೇ ಇಲ್ಲೂ ಕೆಲಸ ಮಾಡುತ್ತಿದ್ದವು. ಮಿದುಳಿಗೆ ಬೇಕಾದದ್ದು ವ್ಯವಸ್ಥೆ ಮತ್ತು ಅರ್ಥ. ಭಾಷೆಗೆ ವಯಸ್ಸೆಷ್ಟು, ಮಾಡಿದವರು ಯಾರು ಎಂದು ಅದು ಕೇಳುವುದಿಲ್ಲ.

ಎಲ್ಫ್ ಭಾಷೆ ತೆಗೆದುಕೊಳ್ಳುವ ವಿಚಾರ. ಭಾರತದ ಕಾನೂನಿನಲ್ಲಿ ಲೇಖಕರು ತೀರಿಕೊಂಡ ಮರುವರ್ಷದಿಂದ 60 ವರ್ಷ ಹಕ್ಕುಸ್ವಾಮ್ಯ ಇರುತ್ತದೆ. ಟೋಲ್ಕಿನ್ ತೀರಿಕೊಂಡದ್ದು 1973ರಲ್ಲಿ. ಹಾಗಾಗಿ ಅವರು ಬದುಕಿದ್ದಾಗ ಬಂದ ಕೃತಿಗಳಿಗೆ 2033ರ ಕೊನೆಯವರೆಗೆ ರಕ್ಷಣೆ ಇದೆ, ಆಮೇಲೆ ಪ್ರಕಟವಾದ ಟಿಪ್ಪಣಿಗಳಿಗೆ ಲೆಕ್ಕ ಬೇರೆ. ಇಡೀ ಭಾಷೆಗೇ ಹಕ್ಕುಸ್ವಾಮ್ಯ ಇದೆಯಾ ಎನ್ನುವುದು ಅಮೆರಿಕದಲ್ಲೂ ತೀರ್ಮಾನವಾಗಿಲ್ಲ. ‘ಸ್ಟಾರ್ ಟ್ರೆಕ್’ನ ಕಂಪೆನಿ ಪ್ಯಾರಾಮೌಂಟ್ ಕ್ಲಿಂಗಾನ್ ಭಾಷೆಯೂ ತಮ್ಮದು ಎಂದು ವಾದಿಸಿದ ಮೊಕದ್ದಮೆಯೊಂದು 2017ರಲ್ಲಿ ರಾಜಿಯಲ್ಲಿ ಮುಗಿಯಿತು, ಆ ಪ್ರಶ್ನೆಗೆ ಉತ್ತರ ಬರಲಿಲ್ಲ. ಕಾನೂನು ಬಿಡಿ, ಕಥೆಯ ದೃಷ್ಟಿಯಿಂದಲೂ ಬೇಡ. ಮಲ್ಪೆಯ ಆಚೆಗಿನ ದ್ವೀಪದಲ್ಲಿ ಫಿನ್ನಿಶ್ ಇಂಪಿನ ಹೆಸರು ಯಾಕಿರಬೇಕು?

ಹಾಗಾದರೆ ಎಷ್ಟು ಮಾಡಬೇಕು? ನಿಮ್ಮ ಮುಂದೆ ಮೂರು ದಾರಿ ಇವೆ. ಹೆಸರುಗಳಷ್ಟೇ ಮಾಡಿ ನಿಲ್ಲಿಸಬಹುದು. ಇದರಲ್ಲಿ ಅಪಾಯ ಕಡಿಮೆ, ಧ್ವನಿಪಟ್ಟಿ ಮೀರದೆ ಇದ್ದರೆ ಸಾಕು. ಪೂರ್ತಿ ಭಾಷೆ ಕಟ್ಟಬಹುದು. ಇದರಲ್ಲಿ ಕಾದಂಬರಿ ಮುಗಿಯದೇ ಹೋಗುವ ಅಪಾಯ ಇದೆ. ಟೋಲ್ಕಿನ್ ಅವರೇ ಕೊನೆಯವರೆಗೂ ನಿಯಮ ತಿದ್ದುತ್ತಿದ್ದರು. ಅವರ ‘ಸಿಲ್ಮರಿಲಿಯನ್’ ಪುಸ್ತಕ ಹೊರಬಂದದ್ದು ಅವರು ಹೋದ ಮೇಲೆ, 1977ರಲ್ಲಿ, ಮಗನ ಕೈಯಲ್ಲಿ. ನಿಮಗೆ ನಾನು ಹೇಳುವುದು ನಡುವಿನ ದಾರಿ: ಧ್ವನಿಪಟ್ಟಿ, ಎರಡು ಮೂರು ಬದಲಾವಣೆಯ ನಿಯಮ, ಒಂದು ವ್ಯಾಕರಣದ ವಿಶೇಷ, ಎಂಬತ್ತೋ ನೂರೋ ಬೇರು. ಬೇರುಗಳನ್ನು ಆರಿಸುವಾಗ ಅವರ ಬದುಕು ನೋಡಿ. ಕಡಲಿನವರಿಗೆ ಗಾಳಿಗೆ ಒಂದೇ ಹೆಸರು ಸಾಲದು, ರಾಜನಿಗೆ ಹೆಸರೇ ಬೇಡದಿರಬಹುದು. ಪುಟದ ಮೇಲೆ ಇದರ ಹತ್ತರಲ್ಲಿ ಒಂದು ಪಾಲು ಕಂಡರೆ ಸಾಕು. ಒಂದು ಆಣೆ-ಪ್ರಮಾಣ, ಒಂದು ಜೋಗುಳ, ಊರಿನ ಹೆಸರುಗಳು. ಉಳಿದದ್ದು ಕನ್ನಡದಲ್ಲೇ ಇರಲಿ.

ಈ ಭಾಷೆಗೆ ಹೊಸ ಲಿಪಿ ಮಾಡುವ ಆಸೆ ಇದ್ದರೂ ಸದ್ಯಕ್ಕೆ ಬೇಡ, ಮುದ್ರಣದಲ್ಲಿ ಕಷ್ಟ. ಕಂಪ್ಯೂಟರ್‌ಗೆ ಅಕ್ಷರಗಳನ್ನು ಗೊತ್ತುಮಾಡುವ ಯೂನಿಕೋಡ್‌ನಲ್ಲಿ ತುಳು–ತಿಗಳಾರಿ ಲಿಪಿಗೇ ಜಾಗ ಸಿಕ್ಕಿದ್ದು 2024ರಲ್ಲಿ. ಕ್ಲಿಂಗಾನ್ ಲಿಪಿಯ ಕೋರಿಕೆಯನ್ನು 2001ರಲ್ಲಿ ತಳ್ಳಿಹಾಕಿದ್ದರು.

ಮೊದಲ ಮೂರು ಅಧ್ಯಾಯಗಳನ್ನು ಹೊಸ ನಿಯಮದಲ್ಲಿ ತಿದ್ದಿ ಗೆಳತಿಗೆ ಕೊಡಿ, ನಿಯಮ ಏನು ಅಂತ ಹೇಳಬೇಡಿ. ಓದಿ ಮುಗಿಸಿದ ಮೇಲೆ ಕಥೆಯಲ್ಲಿ ಎಲ್ಲೂ ಬಾರದ ಒಂದು ಊರಿನ ಹೆಸರು ಬರೆದು ತೋರಿಸಿ, ‘ಪೆಮುಸ’ ಅಂತಿಟ್ಟುಕೊಳ್ಳಿ. ಇದು ಬಂದರಿನ ಕಡೆಯ ಊರಾ, ಗುಡ್ಡದ ಕಡೆಯದ್ದಾ ಎಂದು ಕೇಳಿ. ಅವರು ಯೋಚಿಸದೆ ‘ಗುಡ್ಡದ್ದು’ ಎಂದರೆ ಮುಂದಿನ ಅಧ್ಯಾಯ ಬರೆಯಿರಿ. ಗೊತ್ತಾಗಲಿಲ್ಲ ಎಂದರೆ ಹೊಸ ನಿಯಮ ಸೇರಿಸಬೇಡಿ, ಇರುವ ನಿಯಮ ಕಾಣುವ ಹೆಸರುಗಳನ್ನು ಆ ಮೂರು ಅಧ್ಯಾಯಗಳಲ್ಲಿ ಇನ್ನಷ್ಟು ಸೇರಿಸಿ ಮತ್ತೆ ಓದಿಸಿ.